ಸುಟ್ಟುಹೋದ ಗೋದಾಮಿನ ಕಾಲ್ಪನಿಕ ಕಾವಲುಗಾರ

ಚಲನಚಿತ್ರ ಪ್ರಮಾಣಪತ್ರ ಮಂಡಳಿಯ ಅಧ್ಯಕ್ಷರಾದ ಮಾನ್ಯರೇ,

'ಇಲ್ಲಿ ಬರುವ ವ್ಯಕ್ತಿಗಳು, ಘಟನೆಗಳು ಸಂಪೂರ್ಣ ಕಾಲ್ಪನಿಕ' ಎಂಬ ಫಲಕವನ್ನು ಆರಂಭದಲ್ಲೇ ಹಾಕಿದರೆ ಮಾತ್ರ ನನ್ನ ಹೊಸ ಸಾಕ್ಷ್ಯಚಿತ್ರಕ್ಕೆ ಅನುಮತಿ ಎಂದು ತಮ್ಮ ಕಚೇರಿಯಿಂದ ಪತ್ರ ಬಂದಿದೆ. ಮೂವತ್ತೊಂದು ವರ್ಷದಿಂದ ನಾನು ಸಾಕ್ಷ್ಯಚಿತ್ರಗಳನ್ನಷ್ಟೇ ಮಾಡುತ್ತಿದ್ದೇನೆ. ಪತ್ರಿಕೆಗಳು ಯಾರ ಸಾವನ್ನು ಮುಖಪುಟಕ್ಕೆ ಏರಿಸುತ್ತವೆ, ಯಾರದನ್ನು ಒಳಪುಟದ ಮೂಲೆಗೆ ತಳ್ಳುತ್ತವೆ ಎಂದು ಒಂದು ಚಿತ್ರ. ಟೀವಿ ಚರ್ಚೆಯಲ್ಲಿ ಕಿತ್ತಾಡಿದವರು ಜಾಹೀರಾತು ಬಂದಾಗ ಒಟ್ಟಿಗೆ ಕೂತು ಕಾಫಿ ಕುಡಿಯುವುದರ ಮೇಲೆ ಇನ್ನೊಂದು. ಕಥೆ ಕಟ್ಟುವುದು ಕೈಲಾಗದೆಂದೇ ಈ ದಾರಿ ಹಿಡಿದವಳು ನಾನು. ನನಗೂ ಕಲ್ಪನಾಶಕ್ತಿ ಇದೆಯೆಂದು ತಾವಾದರೂ ಗುರುತಿಸಿದಿರಲ್ಲ, ಬಹಳ ಉಪಕಾರವಾಯಿತು.

ಆದರೆ ನಡೆದದ್ದು ಇಷ್ಟು. ಒಂದು ಗೋದಾಮಿಗೆ ಬೆಂಕಿ ಬಿದ್ದು ಕಾವಲುಗಾರ ಸತ್ತ. ಮರುದಿನವೇ ಒಂದು ಸುದ್ದಿವಾಹಿನಿ, ಅವನು ಮಾಲು ಕದ್ದು ಬೆಂಕಿ ಹಚ್ಚುವ ದೃಶ್ಯ ತೋರಿಸಿತು. ಗೋದಾಮಿನಲ್ಲಿ ಕ್ಯಾಮೆರಾನೇ ಇರಲಿಲ್ಲ! ವಾಹಿನಿಯವರು ಒಬ್ಬ ನಟನಿಗೆ ಖಾಕಿ ಅಂಗಿ ತೊಡಿಸಿ, ತಮ್ಮದೇ ಕಟ್ಟಡದ ಹಿಂಬದಿಯಲ್ಲಿ ಚಿತ್ರೀಕರಿಸಿ, ಬೇಕೆಂದೇ ಮಸುಕು ಮಾಡಿ, ಮೂಲೆಯಲ್ಲಿ ಗಡಿಯಾರ ಓಡಿಸಿದ್ದರು. ಊರೆಲ್ಲ ಅದನ್ನು ಸಿಸಿಟಿವಿ ಎಂದು ನಂಬಿತು. ಆ ನಟ ನನ್ನ ಚಿತ್ರದಲ್ಲಿ ಹೇಳುತ್ತಾನೆ: "ಯಾವುದೋ ಸೀರಿಯಲ್ ಅಂದ್ಕೊಂಡಿದ್ದೆ ಮೇಡಂ. ಕಳ್ಳನ ಥರ ಹಿಂದೆ ತಿರುಗಿ ನೋಡು ಅಂದ್ರು, ನೋಡ್ದೆ." ಬೆಂಕಿಗೆ ಹಳೆಯ ವೈರಿಂಗ್ ಕಾರಣವೆಂದು ತನಿಖೆ ಹೇಳಿತು. ವಾಹಿನಿ ಇವತ್ತಿಗೂ ಹೇಳಿಲ್ಲ.

ಆ ದೃಶ್ಯಕ್ಕೂ ಫಲಕ ಹಾಕಿಸಿದಿರಾ ಎಂದು ತಮ್ಮ ಗುಮಾಸ್ತರನ್ನು ಕೇಳಿದೆ. "ಅದು ಸುದ್ದಿ ಅಲ್ವಾ ಮೇಡಂ, ನಮಗೆ ಬರಲ್ಲ. ನಿಮ್ಮದು ಸಿನಿಮಾ" ಎಂದರು. ನಟಿಸಿದವನು ಸುದ್ದಿ, ಸತ್ತವನು ಸಿನಿಮಾ! ಇಷ್ಟು ಅಚ್ಚುಕಟ್ಟಾದ ವಿಂಗಡಣೆಯನ್ನು ನಾನು ನನ್ನ ಸರ್ವೀಸಿನಲ್ಲೇ ಕಂಡಿಲ್ಲ. ಪೆನ್ನು ಎರವಲು ಕೇಳಿ ಅವರ ಮಾತನ್ನು ಹಾಗೆಯೇ ಬರೆದುಕೊಂಡು ಬಂದೆ.

ಕಾವಲುಗಾರನ ಹೆಂಡತಿ ಗಾರ್ಮೆಂಟ್ಸ್‌ನಲ್ಲಿ ಅಂಗಿಗಳಿಗೆ ಗುಂಡಿ ಹೊಲಿಯುತ್ತಾಳೆ. ಆ ದೃಶ್ಯ ಟೀವಿಯಲ್ಲಿ ಬಂದಾಗಿನಿಂದ ಪಕ್ಕದ ಮಿಷನ್ನಿನವಳು ನೀರು ಕುಡಿಯಲು ಎದ್ದರೂ ಪರ್ಸ್ ಎತ್ತಿಕೊಂಡೇ ಹೋಗುತ್ತಾಳಂತೆ. ಈ ಚಿತ್ರವನ್ನು ಮೊದಲು ಅಲ್ಲಿನ ಊಟದ ಹಾಲ್‌ನಲ್ಲಿ ತೋರಿಸಬೇಕೆಂಬುದೊಂದೇ ಅವಳ ಆಸೆ. ತಮ್ಮ ಷರತ್ತು ತಿಳಿಸಲು ಹೋದಾಗ ಬೈಯುತ್ತಾಳೆ ಅಂದುಕೊಂಡಿದ್ದೆ. ಬೈದಿದ್ದರೆ ನನಗೂ ಸಮಾಧಾನವಾಗುತ್ತಿತ್ತು. ಅವಳು ಹಲ್ಲಿನಿಂದ ದಾರ ಕಡಿದು ಹೇಳಿದಳು:

"ಹಾಕ್ಬಿಡಿ ಅಕ್ಕ. ಕಳ್ಳ ಅನ್ನಿಸ್ಕೊಳ್ಳೋದಕ್ಕಿಂತ, ಅಂಥವರೊಬ್ಬರು ಇರಲೇ ಇಲ್ಲ ಅನ್ನಿಸ್ಕೊಳ್ಳೋದೇ ವಾಸಿ."

ಅಧ್ಯಕ್ಷರೇ, ಅವಳು ಒಪ್ಪಿದ್ದಾಳೆ. ನಾನು ಒಪ್ಪುವುದಿಲ್ಲ. ಆ ಮಾತು ಕೇಳಿದಂದಿನಿಂದ ನನಗೆ ತಮ್ಮ ಮೇಲೆ ಸಿಟ್ಟು, ನನ್ನ ಕಸುಬಿನ ಮೇಲೆ ನಾಚಿಕೆ. ಷರತ್ತನ್ನು ಕೈಬಿಡಿ. ಇಲ್ಲವೇ ಒಂದು ಮಧ್ಯಾಹ್ನ ಆ ಊಟದ ಹಾಲ್‌ಗೆ ಬಂದು, ಅವಳ ಎದುರು ನಿಂತು, 'ಹನ್ನೆರಡು ವರ್ಷ ನೀನು ಸಂಸಾರ ಮಾಡಿದ ಗಂಡ ಕಾಲ್ಪನಿಕ' ಎಂದು ತಾವೇ ಬಾಯಿಬಿಟ್ಟು ಹೇಳಿ. ಕ್ಯಾಮೆರಾ ನಾನು ತರುತ್ತೇನೆ.

ಇಂತಿ,
ತಮ್ಮ ಕಚೇರಿಯ ಬೆಂಚಿನ ಮೇಲಲ್ಲದೆ ಇನ್ನೆಲ್ಲೂ ಸ್ಥಾನ ಗಿಟ್ಟಿಸಲಾಗದ
ಒಬ್ಬ ಸಾಕ್ಷ್ಯಚಿತ್ರ ನಿರ್ದೇಶಕಿ