ಹೊಳೆ ತಂದ ಮೊಕೊಶ್ ತಾಯಿ

ಅಪ್ಪನಿಗೆ ಮಿಲುಶಾಳ ನಮಸ್ಕಾರ.

ನೀನು ಕೆತ್ತಿದ ನಮ್ಮ ನೂಲಿನ ದೇವತೆ ಮೊಕೊಶ್ ತಾಯಿಯನ್ನು, ಹೊಸ ಧರ್ಮ ಹಿಡಿದ ರಾಜನ ಆಳುಗಳು ಹೊಳೆಗೆಸೆದರಲ್ಲ, ಅವಳು ತೇಲಿಬಂದು ನಾವು ಬಟ್ಟೆ ಒಗೆಯುವ ಕಲ್ಲಿಗೆ ತಗುಲಿಕೊಂಡಿದ್ದಳು. "ಒಳ್ಳೆ ಓಕ್ ಮರ ಕಣೇ, ಒಲೆಗಾಗುತ್ತೆ" ಅಂದರು ಅತ್ತೆ. ನಾನು ಕೆಸರು ತೊಳೆದೆ. ನೀನು ಬಳಿದಿದ್ದ ಬಣ್ಣವೆಲ್ಲ ಹೋಗಿ ಕೆಳಗಿನ ಮುಖ ಕಾಣಿಸಿತು. "ಅಯ್ಯೋ, ನಿಮ್ಮಮ್ಮ ಅಲ್ವೇನೇ ಇದು!" ಎಂದವರೇ ತಮ್ಮ ಶಾಲನ್ನೇ ಹೊದಿಸಿದರು.

ಅಮ್ಮ ಸತ್ತ ವರ್ಷ ಕೆತ್ತಿದ್ದಲ್ಲವೆ? ಊರ ಹೆಂಗಸರೆಲ್ಲ ಉಣ್ಣೆಯಿಟ್ಟು ಕೈಮುಗಿಯುತ್ತಿದ್ದರೂ ಅದು ಅಮ್ಮನ ಮುಖವೆಂದು ನೀನು ಬಾಯಿ ಬಿಡಲಿಲ್ಲ.

ನೂಲುವ ಕದಿರು ಹಿಡಿದ ಅವಳ ಕೈ ಮುರಿದಿದೆ. ಉಳಿ, ಅಗಸೆ ಎಣ್ಣೆ ತೆಗೆದುಕೊಂಡು ಬಾ. ಪಾದ್ರಿ ಕೇಳಿದರೆ ಮಗಳ ಮಗ್ಗ ಸರಿಮಾಡಲು ಹೊರಟೆ ಅನ್ನು.

ಅವಳನ್ನು ಹೊಳೆಗೆಸೆದ ದಿನದಿಂದ ಊಟ ಬಿಟ್ಟಿದ್ದೀಯಂತೆ. ಅವಳನ್ನು ಒಲೆಯ ಪಕ್ಕದಲ್ಲೇ ನಿಲ್ಲಿಸಿದ್ದೇನೆ. ಬಂದು, ಎದುರಿಗೆ ಕೂತು ಉಣ್ಣು.

ಬರೆಯಲು ಈ ಮರದ ತೊಗಟೆಯಲ್ಲಿ ಇನ್ನು ಜಾಗವಿಲ್ಲ.
ಮಿಲುಶಾ