ಉಳಿದ ಅರಿಷಿಣ

೧೮ ಏಪ್ರಿಲ್ ೨೦೦೯, ಶನಿವಾರ. ಸಂಜೆ ೬

ಲೇಸರಿನ ಮೂರನೇ ಸಿಟಿಂಗ್ ಮುಗೀತು. ಗದ್ದ, ಮೇಲ್ದುಟಿ, ಕಿವಿಯ ಮುಂದಿನ ಗೆರೆ. ರಬ್ಬರ್ ಬ್ಯಾಂಡ್ ಎಳೆದು ಬಿಟ್ಟ ಹಾಗೆ ಚಟ್ ಚಟ್. ಕೂದಲು ಸುಟ್ಟ ವಾಸನೆ. ಮೂಗು ಅಲ್ಲೇ ಇರುತ್ತದಲ್ಲ, ತಪ್ಪಿಸಿಕೊಳ್ಳೋದು ಹೇಗೆ?

ಪಣಜಿಯಿಂದ ಮಡಗಾಂವವರೆಗೆ ಬಸ್ಸಿನಲ್ಲಿ ದುಪಟ್ಟಾ ಸುತ್ತಿಕೊಂಡು ಬಂದೆ. ಬರೀ ಕಣ್ಣು ಹೊರಗೆ. ಮನೆಯಲ್ಲಿ ಮಾಮೂಲಿ ಸುಳ್ಳು — ಸ್ಪೋಕನ್ ಇಂಗ್ಲಿಷ್ ಕ್ಲಾಸ್. ನಾಲ್ಕು ತಿಂಗಳಿಂದ ಕಲಿಯುತ್ತಿದ್ದೇನೆ. ಅಪ್ಪ ಅಂಗಡಿಯಿಂದ ಬಂದು ಒಂದು ದಿನ ‘ಎಲ್ಲಿ, ಮಾತಾಡು ನೋಡೂಣು’ ಅಂದರೆ ನನ್ನ ಕಥೆ ಮುಗೀತು.

ಡಾಕ್ಟರ್ ಬಾಯಾರು ಮತ್ತೆ ಎಲ್ಲ ಬರೆದು ಕೊಟ್ಟರು. ಬಿಸಿಲಿಗೆ ಹೋಗಬಾರದು. ಮೂರು ತಾಸಿಗೊಮ್ಮೆ ಸನ್‌ಸ್ಕ್ರೀನ್. ಬಿಸಿನೀರು, ಬ್ಲೀಚ್, ಕಡ್ಲಿಹಿಟ್ಟು, ಅರಿಷಿಣ — ಒಂದು ವಾರ ಯಾವುದೂ ಬೇಡ. ಉಜ್ಜಲೇಬಾರದು. ಥ್ರೆಡಿಂಗ್ ಇಲ್ಲ, ಕೀಳುವ ಹಾಗಿಲ್ಲ. ಬೆಳೆದರೆ ಶೇವ್ ಮಾಡಿ. ಎಷ್ಟು ಸಲೀಸಾಗಿ ಹೇಳುತ್ತಾರೆ! ಇಪ್ಪತ್ತಾರು ವರ್ಷದ ಹುಡುಗಿ, ಮುಖಕ್ಕೆ ರೇಜರ್. ಗುಲಾಬಿ ಬಣ್ಣದ್ದು ತಂದಿದ್ದೇನೆ, ಬಣ್ಣದಿಂದ ಮರ್ಯಾದೆ ಬರುತ್ತದೇನೋ ಅಂತ.

ಬಚ್ಚಲ ಬಾಗಿಲು ಹಾಕಿಕೊಂಡು ಐಸ್ ಒತ್ತಿದೆ. ಅವ್ವ ಹೊರಗಿನಿಂದ, ‘ನೀಲಾ, ಎಷ್ಟ್ ಹೊತ್ತವಾ?’ ಹೊಟ್ಟೆ ನೋವು ಅಂದೆ.

೧೯ ಏಪ್ರಿಲ್, ರವಿವಾರ

ಕೆಂಪು ಇಳಿದಿದೆ. ಉರಿ ಸ್ವಲ್ಪ ಇದೆ.

ಮಂಗಿಬಾಯಿ ಪಾತ್ರೆ ತಿಕ್ಕಲು ಬಂದವಳು ಸೆರಗಿನಿಂದ ಲೋಳಸರದ ಎಲೆ ತೆಗೆದು ಕೊಟ್ಟಳು. ಫಾತೋರ್ಡಾದಲ್ಲಿ ಅವಳ ತಗಡಿನ ಮನೆಯ ಹಿಂದೆ ಬೆಳೆದದ್ದು. ನಾನೇ ತರಲು ಹೇಳಿದ್ದೆ, ತಂಪು ಅಂತ. ವಿಜಾಪುರದ ಕಡೆಯ ತಾಂಡಾದವಳು. ನಮ್ಮ ಬಿಲ್ಡಿಂಗಿನಲ್ಲಿ ಮೂರು ಮನೆ ಮಾಡುತ್ತಾಳೆ. ನಮ್ಮದು, ಕೆಳಗಿನ ಮನೆಯ ನಂದಾ ವಹಿನಿಯದು, ಮೂರನೇ ಮಹಡಿಯದು.

ಈ ಮನೆಯಲ್ಲಿ ಲೇಸರ್ ವಿಷಯ ಗೊತ್ತಿರುವುದು ಅವಳೊಬ್ಬಳಿಗೇ. ಫೆಬ್ರವರಿಯಲ್ಲಿ ಬಚ್ಚಲು ತೊಳೆಯುವಾಗ ರೇಜರ್ ಸಿಕ್ಕಿತ್ತು. ಏನೂ ಕೇಳಲಿಲ್ಲ. ಅಪ್ಪನ ಕಣ್ಣಿಗೆ ಬೀಳದ ಹಾಗೆ ನೀರಿನ ಡ್ರಮ್ಮಿನ ಹಿಂದೆ ಇಟ್ಟಿದ್ದಳು. ಆಮೇಲೆ ನಾನೇ ತಡೆಯಲಾರದೆ ಎಲ್ಲ ಹೇಳಿಕೊಂಡೆ. ‘ದೇವ್ರು ಎಲ್ಲೆರ ಒಂದ್ಕಡೆ ಕೂದ್ಲಾ ಕೊಡಬೇಕಲ್ರಿ ಅಕ್ಕಾರ. ನನ್ನ ಗಂಡಗ ತಲಿಮ್ಯಾಲೇ ಇಲ್ಲ’ ಅಂದಳು. ಬಹಳ ದಿನಗಳ ಮೇಲೆ ನಕ್ಕಿದ್ದೆ.

೨೧ ಏಪ್ರಿಲ್, ಮಂಗಳವಾರ

ಮಲ್ಲಿಕಾಳ ಅರಿಷಿಣ. ಅತ್ತೆಯ ಮಗಳು, ನನಗಿಂತ ಮೂರು ವರ್ಷ ಚಿಕ್ಕವಳು. ಇದನ್ನು ಎಲ್ಲರೂ ಇವತ್ತು ನನಗೆ ನೆನಪು ಮಾಡಿಕೊಟ್ಟರು.

ಮೂಲೆ ಹಿಡಿದು ಕೂತಿದ್ದೆ. ಆದರೆ ಮದುವಣಗಿತ್ತಿಗೆ ಹಚ್ಚಿ ಉಳಿದ ಅರಿಷಿಣವನ್ನು ಲಗ್ನ ಆಗದ ಹುಡುಗಿಯರಿಗೆ ಹಚ್ಚಬೇಕಲ್ಲ, ಅವರಿಗೂ ಬೇಗ ಕೂಡಿ ಬರಲಿ ಅಂತ. ‘ನೀಲಗಂಗಾನ ಮೊದ್ಲ ಹಿಡೀರಿ’ ಅಂತ ಅತ್ತೆ ಕೂಗಿದಳು. ಬೇಡ ಅಂದೆ. ‘ಯಾಕ, ಲಗ್ನ ಬ್ಯಾಡೇನು?’ ಎಲ್ಲರೂ ನಕ್ಕರು. ಒಬ್ಬಳು ಕೈ ಹಿಡಿದಳು, ಇಬ್ಬರು ಉಜ್ಜಿದರು. ಗದ್ದಕ್ಕೇ ಜಾಸ್ತಿ. ಗದ್ದದ ಮೇಲೆ ಶೇವ್ ಮಾಡಿದ ಮೊಳಕೆ ಅವರ ಕೈಗೆ ಹತ್ತುತ್ತದೇನೋ ಎಂಬ ಹೆದರಿಕೆ ಎಷ್ಟಿತ್ತೆಂದರೆ ಉರಿ ಗೊತ್ತೇ ಆಗಲಿಲ್ಲ.

ಆಮೇಲೆ ಫೋಟೋ ಅಂತ ಟೆರೇಸಿಗೆ. ಮಧ್ಯಾಹ್ನ ಹನ್ನೆರಡು. ಅರಿಷಿಣ ಒಣಗುವವರೆಗೆ ತೊಳೆಯಬಾರದಂತೆ. ಒಂದು ತಾಸು ನಿಂತೆ, ಹಲ್ಲು ಕಿಸಿದುಕೊಂಡು. ಒಂದು ಮಾತು ಹೇಳಿದ್ದರೆ ಮುಗೀತಿತ್ತು.

೨೩ ಏಪ್ರಿಲ್, ಗುರುವಾರ. ಬೆಳಿಗ್ಗೆ

ಗದ್ದದ ಮೇಲೆ ಎರಡು ಕಡೆ ಗುಳ್ಳೆ. ಬಾಯಿ ಸುತ್ತ ಕಂದು ಪಟ್ಟಿ. ಕೂದಲು ಹೋಗಲಿ ಅಂತ ಹೋದವಳು, ಈಗ ಕೂದಲಿನ ಜಾಗಕ್ಕೆ ಸುಟ್ಟ ಗುರುತು. ಕನ್ನಡಿಗೆ ಟಾವೆಲ್ ಹಾಕಿದ್ದೇನೆ.

ಪಿಸಿಓದಿಂದ ಡಾಕ್ಟರಿಗೆ ಫೋನ್ ಮಾಡಿದೆ. ಉಜ್ಜಿದ್ದು, ಬಿಸಿಲು, ಎರಡೂ ಕೂಡಿ ಆಗಿದೆ ಅಂದರು. ಕಲೆ ಹೋಗಲು ಎರಡು-ಮೂರು ತಿಂಗಳು ಬೇಕಂತೆ. ಬೆಳಗಾವಿಯವರು ಹೆಣ್ಣು ನೋಡಲು ಬರುವುದು ಮೇ ಹತ್ತಕ್ಕೆ.

ಅದೇ ದಿನ, ರಾತ್ರಿ

ಬರೆಯಲೇಬೇಕು. ಬರೆಯದಿದ್ದರೆ ನಾಳೆ ಬೇರೆ ರೀತಿ ನೆನಪಿಟ್ಟುಕೊಳ್ಳುತ್ತೇನೆ.

ಮಧ್ಯಾಹ್ನ ಅವ್ವ ದುಪಟ್ಟಾ ಎಳೆದು ನೋಡಿಬಿಟ್ಟಳು. ‘ಏನಾತು ನಿನ್ನ ಮಾರಿಗೆ?’ ಅರಿಷಿಣ ಅನ್ನಲು ಬಾಯಿ ತೆರೆದೆ. ಆದರೆ ಅದೇ ಅರಿಷಿಣ ನಾಲ್ಕು ಹುಡುಗಿಯರಿಗೆ ಹಚ್ಚಿದ್ದರು, ಯಾರಿಗೂ ಏನೂ ಆಗಿಲ್ಲ. ನಿನಗೊಬ್ಬಳಿಗೇ ಯಾಕೆ ಅಂದರೆ?

ಅವ್ವ ಅಡಿಗೆಮನೆ ಕಡೆ ನೋಡಿದಳು. ‘ಅಕಿ ಲೋಳಸರ ತಂದು ಕೊಟ್ಟಿದ್ಲಲ್ಲ, ಹಚ್ಚಿಕೊಂಡಿಯಲ್ಲ? ಅದರಿಂದ ಆತೇನು?’

‘ಇರಬೇಕು’ ಅಂದೆ.

ಒಂದೇ ಶಬ್ದ. ಮಂಗಿಬಾಯಿ ಅಲ್ಲೇ ಇದ್ದಳು, ಕೈ ತುಂಬಾ ಸಾಬೂನಿನ ನೊರೆ. ‘ನನ್ನ ಮಗಳಿಗೂ ಅದನ್ನ ಹಚ್ತೇನ್ರಿ ಅವ್ವಾರ. ಏನೂ ಆಗಂಗಿಲ್ರಿ’ ಅಂದಳು. ಅವ್ವನ ದನಿ ಏರಿತು. ‘ಅದರಾಗ ಏನು ಕಲಸಿ ತಂದಿದ್ದಿ? ಯಾರು ಹೇಳಿ ಮಾಡ್ಸ್ಯಾರ? ಹುಡುಗಿ ಲಗ್ನ ತಪ್ಪಸಬೇಕಂತ ಮಾಡಿಯೇನು?’

ಮಂಗಿಬಾಯಿ ನನ್ನ ಕಡೆ ನೋಡಿದಳು. ಸಿಟ್ಟಿರಲಿಲ್ಲ. ಕಾಯುತ್ತಿದ್ದಳು, ಅಷ್ಟೇ. ನಾನು ನೆಲ ನೋಡಿದೆ.

‘ನಾಳಿಂದ ಬರಬ್ಯಾಡ’ ಅಂದಳು ಅವ್ವ. ಮಂಗಿಬಾಯಿ ಉಳಿದ ಪಾತ್ರೆಗಳನ್ನೂ ತೊಳೆದು, ಬೋರಲು ಹಾಕಿ, ಕೈ ಒರೆಸಿಕೊಂಡು ಹೋದಳು. ಒಂದೇ ಒಂದು ಮಾತಾಡಿದ್ದರೆ ಸಾಕಿತ್ತು — ‘ಅಕ್ಕಾರು ಪಣಜಿಗೆ ಹೋಗಿ ಗಡ್ಡ ಸುಡಸ್ಕೋತಾರ್ರಿ’ ಅಂತ. ಆಡಲಿಲ್ಲ.

೨೯ ಏಪ್ರಿಲ್

ಸನ್‌ಸ್ಕ್ರೀನ್ ಮೂರು ಸಲ. ಡಾಕ್ಟರು ಹೇಳಿದ ಮುಲಾಮು ರಾತ್ರಿ. ಗುಳ್ಳೆ ಒಣಗಿದೆ, ಹಕ್ಕಳೆ ಕೀಳಬಾರದು.

ಬರೆಯಲು ಬೇರೆ ಏನೂ ಇಲ್ಲ. ಇದೂ ಸುಳ್ಳೇ.

೩ ಮೇ, ರವಿವಾರ

ನಂದಾ ವಹಿನಿ ಬಂದಿದ್ದಳು. ಇಡೀ ಬಿಲ್ಡಿಂಗಿಗೆ ಅತ್ತಿಗೆ, ಇಡೀ ಬಿಲ್ಡಿಂಗಿನ ಆಕಾಶವಾಣಿ. ಬೆಳಗಾವಿಯವಳು, ಅರ್ಧ ಮರಾಠಿ ಅರ್ಧ ಕನ್ನಡ. ‘ಅಯ್ಯೋ ಬಾಳಾ, ಎಂಥಾ ಚಂದ ಮುಖ! ನಾನೂ ಅಕೀನ ಬಿಡಿಸಿದೆ ನೋಡು. ಮ್ಯಾಲಿನವ್ರಿಗೂ ಹೇಳೇನಿ. ಇಂಥಾವ್ರನ್ನ ಮನ್ಯಾಗ ಬಿಟ್ಕೋಬಾರದು.’

ಮೂರಕ್ಕೆ ಮೂರೂ ಮನೆ ಹೋಯಿತು. ನನ್ನ ಒಂದು ಶಬ್ದಕ್ಕೆ.

ವಹಿನಿ ನನ್ನ ಗದ್ದ ಎತ್ತಿ ಹಿಡಿದು ನೋಡುತ್ತಿದ್ದಳು. ಆಗಲೂ ನನ್ನ ತಲೆಯಲ್ಲಿ ಓಡಿದ್ದು ಏನು? ಬೆಳಿಗ್ಗೆ ಶೇವ್ ಮಾಡಿದ್ದೆನೋ ಇಲ್ಲವೋ! ಥೂ. ಇಂಥ ಹೆಣ್ಣು ನಾನು.

೧೦ ಮೇ, ರವಿವಾರ

ಬಂದರು, ನೋಡಿದರು, ಒಪ್ಪಿದರು.

ಹುಡುಗ ಈರೇಶ. ಬೆಳಗಾವಿಯಲ್ಲಿ ಹಾರ್ಡ್‌ವೇರ್ ಅಂಗಡಿ. ಕೆಟ್ಟವನಲ್ಲ. ಉಪ್ಪಿಟ್ಟಿನಲ್ಲಿ ಮೆಣಸಿನಕಾಯಿ ಕಚ್ಚಿ ಕಣ್ಣಲ್ಲಿ ನೀರು ಬಂದರೂ ‘ಚಲೋ ಆಗೇದ್ರಿ’ ಅಂದ.

ಅವ್ವ ತಾನೇ ಕೂತು ನನಗೆ ಫೌಂಡೇಶನ್ ಹಚ್ಚಿದ್ದಳು. ಬಣ್ಣ ಸರಿಯಾಗಿ ಹೊಂದುವುದನ್ನೇ ಎಲ್ಲಿಂದಲೋ ತಂದಿದ್ದಳು. ಆದರೂ ಹುಡುಗನ ತಾಯಿ ಕೇಳಿಯೇ ಬಿಟ್ಟರು, ‘ಗದ್ದಕ್ಕೇನಾಗೇದ್ರಿ?’

ಅವ್ವ ತಡವರಿಸಲೇ ಇಲ್ಲ. ‘ಕೆಲಸದಾಕಿ ಏನೋ ಹಚ್ಚಿ ಕೆಡಿಸಿದ್ಲ್ರಿ. ಬಿಡಿಸೇವಿ. ಡಾಕ್ಟರು ತಿಂಗಳೊಪ್ಪತ್ತಿನ್ಯಾಗ ಹೋಗ್ತದ ಅಂದಾರ.’

‘ಭಾಳ ಹುಷಾರ ಇರಬೇಕ್ರಿ ಇಂಥಾ ಮಂದಿ ಕೂಡ’ ಅಂದರು ಅವರು. ನಾನು ತಲೆ ತಗ್ಗಿಸಿ ಕೂತಿದ್ದೆ. ಹುಡುಗಿಗೆ ನಾಚಿಕೆ ಜಾಸ್ತಿ ಅಂತ ಮೆಚ್ಚಿಕೊಂಡರಂತೆ.

೧೬ ಮೇ, ಶನಿವಾರ

ಪಣಜಿಗೆ ಹೊರಟಿದ್ದೆ, ಕಲೆ ತೋರಿಸಲು. ಫಾತೋರ್ಡಾ ಬಸ್ ಸ್ಟ್ಯಾಂಡಿನ ಹತ್ತಿರ ದೊಡ್ಡ ಬಿಲ್ಡಿಂಗ್ ಏಳುತ್ತಿದೆ. ಹೆಂಗಸರು ಸಾಲಾಗಿ ಬುಟ್ಟಿಯಲ್ಲಿ ಜಲ್ಲಿ ಹೊರುತ್ತಿದ್ದರು. ಹನ್ನೊಂದರ ಬಿಸಿಲು. ಒಬ್ಬಳು ನಿಂತು ಸೆರಗಿನಿಂದ ಮುಖ ಒರೆಸಿಕೊಂಡಳು. ಮಂಗಿಬಾಯಿ.

ದುಪಟ್ಟಾ ಇತ್ತು, ಛತ್ರಿ ಇತ್ತು, ಸುಮ್ಮನೆ ದಾಟಿ ಹೋಗಬಹುದಿತ್ತು. ಖರೆ ಹೇಳಬೇಕೆಂದರೆ ದಾಟಿಯೇ ಹೋದೆ. ಹತ್ತು ಹೆಜ್ಜೆ. ಅವಳೇ ಕರೆದಳು.

‘ಅಕ್ಕಾರ! ಕಲಿ ಹ್ವಾದ್ವೇನ್ರಿ?’

ಹೋಗುತ್ತಿವೆ ಅಂದೆ. ಅವಳ ಮುಖ ಕರ್ರಗೆ ಸುಟ್ಟಿತ್ತು, ಮೂಗಿನ ಮೇಲೆ ಸಿಪ್ಪೆ ಎದ್ದಿತ್ತು. ಇಲ್ಲಿಗೆ ಯಾಕೆ ಬಂದೆ ಅಂತ ಕೇಳಿದೆ — ಎಂಥ ಪ್ರಶ್ನೆ!

‘ಮನಿಗೋಳ ಹ್ವಾದ್ವಲ್ರಿ. ಆ ಕಡಿ ಬಿಲ್ಡಿಂಗ್‌ನ್ಯಾಗೂ ಕೇಳಿದ್ನಿ. ನಂದಾಬಾಯಾರು ಮೊದ್ಲ ಹೇಳಿಬಿಟ್ಟಾರ, ಅಕಿ ಮಾಟಾ ಮಾಡ್ತಾಳಂತ. ಯಾರ ಇಟ್ಕೋತಾರ್ರಿ?’

ಕ್ಷಮಿಸು ಅನ್ನಬೇಕಿತ್ತು. ‘ಮಂಗಿಬಾಯಿ, ನಾನು...’ ಅಂದೆ.

‘ಹೋಗ್ರಿ ಅಕ್ಕಾರ, ಬಿಸಲಾಗ ನಿಂದ್ರಬ್ಯಾಡ್ರಿ. ಲಗ್ನ ಐತಂತಲ್ಲ’ ಅಂದಳು. ಕೂಲಿಗಳ ಮುಕಾದಮ ಕೂಗಿದ. ಬುಟ್ಟಿ ಎತ್ತಿಕೊಂಡು ಹೋದಳು.

ಪಣಜಿಗೆ ಹೋಗಲಿಲ್ಲ. ಬಸ್ ಸ್ಟ್ಯಾಂಡಿನ ಪಾಯಖಾನೆಯಲ್ಲಿ ನಿಂತು ಅತ್ತೆ. ಅತ್ತ ಮೇಲೆ ಸನ್‌ಸ್ಕ್ರೀನ್ ಮತ್ತೆ ಹಚ್ಚಿಕೊಂಡೆ. ಅದನ್ನು ಮಾತ್ರ ಮರೆಯಲಿಲ್ಲ.

೧೭ ಮೇ, ರವಿವಾರ

ಅವ್ವನಿಗೆ ಹೇಳಿದೆ. ಹಪ್ಪಳ ಒಣಹಾಕುತ್ತಿದ್ದಳು. ಕ್ಲಿನಿಕ್, ಲೇಸರ್, ರೇಜರ್, ಅರಿಷಿಣ, ಬಿಸಿಲು, ಎಲ್ಲ. ಮಂಗಿಬಾಯಿಯ ತಪ್ಪಿಲ್ಲ ಅಂದೆ.

ಅವ್ವ ಹಪ್ಪಳ ಸರಿ ಮಾಡುತ್ತಾ ಅಂದಳು, ‘ಗೊತ್ತದ.’

ನನಗೆ ಅರ್ಥವಾಗಲಿಲ್ಲ.

‘ಮಾರ್ಚ್‌ನ್ಯಾಗ ನಿನ್ನ ದವಾಖಾನಿಯಿಂದ ಮನಿ ಫೋನಿಗೇ ಮಾಡಿದ್ರು, ತಾರೀಖು ಬದಲಿ ಮಾಡೇವಿ ಅಂತ. ಗುಲಾಬಿ ರೇಜರ್ ನಿಮ್ಮಪ್ಪಂದು ಅನ್ಕೊಂಡಿದ್ನೇನು? ನಾನೇನು ಕುರುಡಿ ಏನು?’ ಆಮೇಲೆ ದನಿ ಇಳಿಸಿದಳು. ‘ನಂಗೂ ಇದ್ವು. ನಮ್ಮವ್ವ ಬೂದಿ ಹಚ್ಚಿ ಕೀಳತಿದ್ಲು. ನಾ ಯಾರ ಮುಂದೂ ಅಂದಿಲ್ಲ. ನಿಮ್ಮಪ್ಪನ ಮುಂದೂ ಇಲ್ಲ.’

ಹಾಗಾದರೆ ಮಂಗಿಬಾಯಿಯನ್ನು ಯಾಕೆ ಬಿಡಿಸಿದೆ ಅಂತ ಕೇಳಿದೆ.

‘ಅಕಿಗೂ ಗೊತ್ತಿತ್ತಲ್ಲ. ಬೆಳಗಾಂವದವ್ರು ಬರೂ ಹೊತ್ತಿನ್ಯಾಗ ಮೂರು ಮನಿ ತಿರಗಾಕಿ. ಈಗ ಅಕಿ ಏನಂದ್ರೂ ಸಿಟ್ಟಿಗೆ ಅಂತಾಳ ಅಂತಾರ, ಯಾರೂ ನಂಬೂದಿಲ್ಲ. ಲಗ್ನ ಆಗೂತನಕ ಬಾಯಿ ಮುಚ್ಕೊಂಡಿರು. ನಿನ್ನ ಸಲುವಾಗಿ ಮಾಡೇನಿ.’

ನನ್ನ ಸಲುವಾಗಿ. ಸಿಟ್ಟು ಬರಬೇಕಿತ್ತು. ಬಂದದ್ದು ಸಮಾಧಾನ. ಒಂದು ಕ್ಷಣ, ತಪ್ಪು ಅವ್ವನದು, ನನ್ನದಲ್ಲ ಅನ್ನುವ ಸಮಾಧಾನ. ಅದನ್ನು ನೆನೆದರೆ ಈಗ ಮೈ ಹೇಸುತ್ತದೆ. ‘ಇರಬೇಕು’ ಅಂದವಳು ನಾನು. ಅವ್ವ ಅಲ್ಲ.

೧೯ ಮೇ, ಮಂಗಳವಾರ. ಬೆಳಿಗ್ಗೆ ೧೧

ಎರಡು ದಿನ ನಿದ್ದೆ ಇಲ್ಲ. ಎರಡು ದಿನದಿಂದ ರೇಜರ್ ಮುಟ್ಟಿಲ್ಲ, ಕ್ರೀಮ್ ಹಚ್ಚಿಲ್ಲ. ಗದ್ದದ ಮೇಲೆ ಕಪ್ಪಗೆ, ಬಿರುಸಾಗಿ ಕೈಗೆ ಹತ್ತುತ್ತಿವೆ. ಹದಿನಾರನೇ ವಯಸ್ಸಿನಿಂದ ಇಷ್ಟು ಬೆಳೆಯಲು ಬಿಟ್ಟಿರಲಿಲ್ಲ.

ಅವ್ವ ಸೀರೆ ತೆಗೆಯಲು ಅಪ್ಪನ ಬಟ್ಟೆ ಅಂಗಡಿಗೆ ಹೋಗಿದ್ದಾಳೆ. ನಂದಾ ವಹಿನಿಗೆ ಫೋನ್ ಮಾಡಿ ಮೇಲೆ ಬಾ ಅಂದಿದ್ದೇನೆ. ಅವಳಿಗೆ ಹೇಳಿದರೆ ಸಾಯಂಕಾಲದೊಳಗೆ ಎರಡೂ ಬಿಲ್ಡಿಂಗಿಗೆ ಗೊತ್ತು. ಬೆಳಗಾವಿಗೆ ಮುಟ್ಟಲು ಇನ್ನೆರಡು ದಿನ. ಈರೇಶ ಆಗಲೂ ಚಲೋ ಆಗೇದ್ರಿ ಅನ್ನುತ್ತಾನೋ ಇಲ್ಲವೋ. ಅವ್ವ ನನ್ನ ಮುಖ ನೋಡುವುದಿಲ್ಲ. ಇರಲಿ.

ಏನು ಹೇಳಬೇಕು, ಬರೆದಿಟ್ಟುಕೊಂಡಿದ್ದೇನೆ. ಮಾತು ಮತ್ತೆ ಕೈಕೊಡಬಾರದು. ‘ವಹಿನಿ, ಮಂಗಿಬಾಯಿ ಏನೂ ಮಾಡಿಲ್ಲ. ನನಗೆ ಗಡ್ಡ ಬರ್ತದ. ಅದಕ್ಕ ಲೇಸರ್ ಮಾಡಸ್ತೇನಿ. ಮಾರಿ ಸುಟ್ಟದ್ದು ಅದರಿಂದ. ಸುಳ್ಳು ಹೇಳಿದಾಕಿ ನಾನು.’

ನಾಲ್ಕು ಸಲ ಓದಿದೆ. ‘ಗಡ್ಡ’ ಅನ್ನುವಲ್ಲಿ ನಾಲ್ಕೂ ಸಲ ದನಿ ಸಣ್ಣದಾಯಿತು.

ಮೆಟ್ಟಿಲ ಮೇಲೆ ಬಳೆ ಸದ್ದು. ಬೆಲ್. ಕೈ ತಾನಾಗಿಯೇ ದುಪಟ್ಟಾ ಕಡೆ ಹೋಗುತ್ತಿದೆ...

ಬೇಡ. ಹೀಗೇ ಬಾಗಿಲು ತೆಗೆಯುತ್ತೇನೆ.