ಸಖೂಬಾಯಿಯ ಕೈ

೧೮ ಜನವರಿ ೨೦೨೫, ಶನಿವಾರ. ಅಲಖನೂರ

ಸಂಜೆ ಚಹಾದಂಗಡಿಯಲ್ಲಿ ಕಬ್ಬು ಕಡಿಯುವ ಕೂಲಿಗಳ ಟೋಳಿಯನ್ನು ಕರೆತಂದು ದುಡಿಸುವ ಮುಕಾದಮ ಬಂದು ನನ್ನ ಪಕ್ಕದಲ್ಲೇ ಕುಳಿತ. "ಕಾಕಾ, ನಿಮ್ಮ ಪಿಚ್ಚರದಾಗ ನಮ್ಮ ಹೆಂಗಸ್ರ ಕೈ ಭಾಳ ಚಂದ ಬಂದಾವ ಬಿಡ್ರಿ," ಎಂದು ನಕ್ಕ. ನನ್ನ ಚಹಾದ ದುಡ್ಡನ್ನೂ ತಾನೇ ಕೊಟ್ಟು ಹೋದ.

ಮುಖ ತೋರಿಸುವುದಿಲ್ಲ ಎಂದು ನಾನು ಮಾತು ಕೊಟ್ಟ ಮೇಲೆಯೇ ಅವನ ಟೋಳಿಯ ಸಖೂಬಾಯಿ ನನ್ನ ಕ್ಯಾಮೆರಾ ಎದುರು ಬಾಯಿ ಬಿಟ್ಟಿದ್ದಳು. ಕಬ್ಬಿನ ಟ್ರಾಲಿಯಡಿ ಸಿಕ್ಕು ಸತ್ತ ಟೋಳಿಯ ಕೂಲಿಯವನು ಕುಡಿದಿರಲಿಲ್ಲ, ಕುಡಿದಿದ್ದನೆಂದು ಎಲ್ಲರಿಂದ ಹೇಳಿಸಿದವನು ಮುಕಾದಮ ಎಂದಳು. ಅವಳ ಕೈಗಳನ್ನಷ್ಟೇ ತೆಗೆದೆ. ಬೆಳಕು ಚೆನ್ನಾಗಿ ಬೀಳಲೆಂದು ಸೀರೆಯ ಮೇಲೆ ತೊಟ್ಟ ಅಂಗಿಯ ತೋಳು ಮಡಚಲು ಹೇಳಿದವನೂ ನಾನೇ. ಮುಂಗೈ ಮೇಲೆ ಚೇಳಿನ ಹಚ್ಚೆಯಿತ್ತು. ಇಷ್ಟು ವರ್ಷ ಪತ್ರಿಕೆಗಳಿಗೆ ಫೋಟೋ ತೆಗೆದ ಕಣ್ಣಿಗೆ ಅದು ಚಂದವಾಗಿ ಕಂಡಿತೇ ಹೊರತು, ಅದೇ ಅವಳ ಗುರುತಾದೀತೆಂದು ಹೊಳೆಯಲಿಲ್ಲ.

ನಿಪ್ಪಾಣಿಯಲ್ಲಿರುವ ಮಗಳು ತ್ರಿಶಲಾಗೆ ಫೋನ್ ಮಾಡಿದೆ. ನಾನು ತೆಗೆದದ್ದನ್ನು ಸಾಕ್ಷ್ಯಚಿತ್ರವಾಗಿ ಜೋಡಿಸಿ, ಅದರ ತುಣುಕನ್ನು ಇಂದು ಮುಂಜಾನೆ ಇಂಟರ್ನೆಟ್ಟಿಗೆ ಬಿಟ್ಟವಳು ಅವಳು.

"ಈಗ ತಗದ ಹಾಕೇನಪ್ಪಾ. ಆದ್ರ ಮುಂಜಾನಿಂದ ಎಷ್ಟ ಮಂದಿ ನೋಡ್ಯಾರೋ ಏನೋ. ನೀವು ಒಬ್ರ ಆ ಟೋಳಿ ಗುಡಸಲ ಕಡೆ ಹೋಗಬ್ಯಾಡ್ರಿ."

ಸಖೂಬಾಯಿಯ ಫೋನ್ ಬಂದ್ ಇದೆ. ಅವಳ ಗುಡಿಸಲಿಗೆ ಹೋದರೆ, ಮಾತಾಡಿದವಳು ಇವಳೇ ಎಂದು ನಾನೇ ಬೆರಳು ಮಾಡಿ ತೋರಿಸಿದಂತಾಗುತ್ತದೆ. ಇದನ್ನೇ ಹೇಳಿಕೊಳ್ಳುತ್ತ ಇಷ್ಟು ಹೊತ್ತು ಕುಳಿತೆ.

ಆದರೆ ಯಾರ ಕೈ ಎಂದು ಮುಕಾದಮ ಕೇಳಲೇ ಇಲ್ಲ. ಗೊತ್ತಿಲ್ಲದಿದ್ದರೆ ಕೇಳುತ್ತಿದ್ದ.

ಏಳುತ್ತೇನೆ, ಅವಳ ಗುಡಿಸಲಿಗೇ ಹೋಗುತ್ತೇನೆ. ಗಾಡಿಯ ಕೀಲಿ ಎಲ್ಲಿಟ್ಟೆನೋ.